ಸಣ್ಣ ಸಣ್ಣ ಜಡೆಗಳಿಗೆ ಕನ್ನಡದಲ್ಲಿ ಏನನ್ನೋಣ?

ಪ್ರಶ್ನೆ: ಅಮೆರಿಕದ ಕಪ್ಪು ಜನರ ಒಂದು ಕುಟುಂಬದ ಕಥೆಯನ್ನು ಇಂಗ್ಲಿಷಿನಿಂದ ಕನ್ನಡಕ್ಕೆ ತರುತ್ತಿದ್ದೇನೆ. ಅದರಲ್ಲಿ ಒಬ್ಬ ಹುಡುಗಿ ಕಾಲೇಜು ಸೇರುವ ಮುಂಚೆ 'ಮೈಕ್ರೋ ಬ್ರೇಡ್ಸ್' ಹಾಕಿಸಿಕೊಳ್ಳುತ್ತಾಳೆ. ಅವಳ ತಮ್ಮನ ತಲೆಯಲ್ಲಿ 'ಕಾರ್ನ್‌ರೋಸ್' ಇದೆ. ಪಕ್ಕದ ಮನೆಯವನಿಗೆ 'ಲಾಕ್ಸ್'. ನಾನು ಮೂರಕ್ಕೂ 'ಜಟೆ' ಎಂದು ಬರೆದೆ. ಓದಿದ ಗೆಳತಿ ಅದು ಬೇಡ ಅಂದಳು. ಮೂರೂ ಬೇರೆ ಬೇರೆಯಾ? ಕನ್ನಡದಲ್ಲಿ ಏನು ಬರೆಯಲಿ? ಇನ್ನೊಂದು ಕಡೆ ಅಜ್ಜಿ ಆ ಹುಡುಗಿಗೆ 'ನಿನ್ನ ಎಡ್ಜಸ್ ಕಳ್ಕೋತೀಯ' ಎಂದು ಬೈಯುತ್ತಾಳೆ. ಅದರ ಅರ್ಥವೇನು?

ಉತ್ತರ: ನಿಮ್ಮ ಗೆಳತಿ ಹೇಳಿದ್ದು ಸರಿ. ಮೂರೂ ಬೇರೆ ಬೇರೆ. 'ಜಟೆ' ಆ ಮೂರರಲ್ಲಿ ಒಂದಕ್ಕೆ ಮಾತ್ರ ಹೊಂದುತ್ತದೆ. ಉಳಿದ ಎರಡಕ್ಕೆ ಹಾಕಿದರೆ ಅರ್ಥ ತಿರುಗುಮುರುಗಾಗುತ್ತದೆ. ಯಾಕೆ ಅಂತ ಹೇಳಬೇಕಾದರೆ ಆ ಕೂದಲನ್ನು ಹೇಗೆ ಕಟ್ಟುತ್ತಾರೆ ಅನ್ನುವಲ್ಲಿಂದಲೇ ಶುರು ಮಾಡಬೇಕು. ಈ ಹೆಸರುಗಳು ಹೆಚ್ಚಾಗಿ ಹುಟ್ಟಿರುವುದು ಕೈಕೆಲಸದಿಂದ. ಕೈ ಏನು ಮಾಡುತ್ತದೆ ಅನ್ನುವುದು ತಿಳಿದರೆ ಯಾವ ಹೆಸರು ಎಲ್ಲಿಗೆ ಅನ್ನುವ ಗೊಂದಲ ಉಳಿಯುವುದಿಲ್ಲ.

ಮೈಕ್ರೋ ಬ್ರೇಡ್ಸ್ ಅಂದರೆ ತಲೆತುಂಬ ಬಿಡಿಬಿಡಿಯಾಗಿ ಇಳಿಬಿದ್ದಿರುವ, ತುಂಬಾ ಸಣ್ಣ ಜಡೆಗಳು. ಹೆಣೆಯುವವಳು ಉದ್ದನೆಯ ಚೂಪು ಹಿಡಿ ಇರುವ ಬಾಚಣಿಗೆ ಹಿಡಿದು, ಅದರ ತುದಿಯಿಂದ ಬೈತಲೆ ತೆಗೆಯುತ್ತಾಳೆ. ಸಾಮಾನ್ಯವಾಗಿ ಕತ್ತಿನ ಹಿಂಭಾಗದಿಂದ ಶುರು ಮಾಡಿ ನೆತ್ತಿಯ ಕಡೆಗೆ ಬರುತ್ತಾಳೆ. ಬೆಂಕಿಕಡ್ಡಿಯ ತಲೆಗಿಂತ ತುಸು ದೊಡ್ಡದಾದ ಜಾಗದಲ್ಲಿ ಬೆಳೆದ ಕೂದಲನ್ನಷ್ಟೇ ಬೇರೆ ಮಾಡುತ್ತಾಳೆ. ಅದನ್ನು ಮೂರು ಎಳೆ ಮಾಡಿ, ಬುಡದಲ್ಲೇ ಚೌರಿ ಸೇರಿಸಿ, ಬಿಗಿಯಾಗಿ ಹೆಣೆಯುತ್ತಾ ಹೋಗುತ್ತಾಳೆ. ಕೆಲವರು ತುದಿಯವರೆಗೂ ಹೆಣೆಸಿಕೊಳ್ಳುತ್ತಾರೆ. ಕೆಲವರು ಎರಡು ಮೂರು ಇಂಚು ಹೆಣೆಸಿ ಉಳಿದದ್ದನ್ನು ಹೆಣೆಸದೆ ಹಾಗೇ ಬಿಡುತ್ತಾರೆ. ಆಗ ದೂರದಿಂದ ನೋಡಿದವರಿಗೆ ಅದು ಜಡೆ ಅಂತಲೇ ಗೊತ್ತಾಗುವುದಿಲ್ಲ, ಹರಡಿದ ಕೂದಲಿನ ಹಾಗೆ ಕಾಣುತ್ತದೆ. ಒಂದು ತಲೆಗೆ ಇಂಥ ಜಡೆಗಳು ನೂರಾರು. ಎಂಟು ಹತ್ತು ಗಂಟೆ ಹಿಡಿಯುವುದು ಮಾಮೂಲು. ಒಬ್ಬಳೇ ಹೆಣೆಯುವುದಾದರೆ ಮರುದಿನಕ್ಕೂ ಮುಂದುವರಿಯಬಹುದು. ಅದಕ್ಕೇ ಹಲವು ಕಡೆ ಇಬ್ಬರು ಎರಡು ಪಕ್ಕದಲ್ಲಿ ನಿಂತು ಹೆಣೆಯುತ್ತಾರೆ.

ಇಲ್ಲಿ ಚೌರಿ ಅಂದೆನಲ್ಲ, ಆ ಮಾತನ್ನು ದಯವಿಟ್ಟು ಬಳಸಿ. ಇಂಗ್ಲಿಷಿನಲ್ಲಿ 'ಎಕ್ಸ್‌ಟೆನ್ಷನ್' ಅನ್ನುವುದು ಇದಕ್ಕೇ. ನಮ್ಮಲ್ಲಿ ಇರುವ ಮಾತನ್ನು ಬಿಟ್ಟು 'ಕೂದಲ ವಿಸ್ತರಣೆ' ಅಂತೆಲ್ಲ ಬರೆದರೆ ಓದುಗರಿಗೆ ಕೂದಲೇ ಕಾಣುವುದಿಲ್ಲ. ಈ ಜಡೆಗಳಿಗೆ ಹಾಕುವ ಚೌರಿ ಹೆಚ್ಚಾಗಿ ಕನೆಕಲಾನ್ ಅನ್ನುವ ಕೃತಕ ನಾರಿನದು. ಜಪಾನಿನ ಕನೆಕಾ ಕಂಪನಿ ಅದನ್ನು ತಯಾರಿಸುತ್ತದೆ. ಹೆಣೆದು ಮುಗಿಸಿದ ಮೇಲೆ ತುದಿಗಳನ್ನು ಬಿಸಿನೀರಿನಲ್ಲಿ ಅದ್ದುತ್ತಾರೆ. ಶಾಖಕ್ಕೆ ಕೃತಕ ನಾರು ಕೂತುಕೊಂಡು ತುದಿ ಬಿಚ್ಚಿಕೊಳ್ಳುವುದಿಲ್ಲ. ನಿಮ್ಮ ಕಥೆಯಲ್ಲಿ ಹುಡುಗಿಯ ಹೆಗಲ ಮೇಲೆ ಟವೆಲ್ ಹಾಕಿ ಜಡೆಗಳನ್ನು ಬಿಸಿನೀರಿಗೆ ಅದ್ದುವ ಮಾತು ಬಂದರೆ ಗಾಬರಿಯಾಗಬೇಡಿ. ಅದು ತಲೆಸ್ನಾನ ಅಲ್ಲ.

ತಮ್ಮನ ಕಾರ್ನ್‌ರೋಸ್ ಇಳಿಬೀಳುವುದಿಲ್ಲ, ನೆತ್ತಿಗೆ ಅಂಟಿಕೊಂಡೇ ಸಾಗುತ್ತವೆ. ಮೂರು ಎಳೆಯಿಂದ ಶುರು ಮಾಡಿ, ಪ್ರತಿ ಸುತ್ತಿಗೂ ಬುಡದಿಂದ ಇನ್ನಷ್ಟು ಕೂದಲು ಎತ್ತಿಕೊಂಡು ಸೇರಿಸುತ್ತಾ ಹೋಗುತ್ತಾರೆ. ಎಳೆಗಳನ್ನು ಮೇಲಿನಿಂದ ಅಲ್ಲ, ಅಡಿಯಿಂದ ದಾಟಿಸುವುದರಿಂದ ಜಡೆ ತಲೆಯ ಮೇಲೆ ಉಬ್ಬಿ ನಿಲ್ಲುತ್ತದೆ. ಎರಡು ಜಡೆಗಳ ನಡುವೆ ನೆತ್ತಿಯ ಚರ್ಮ ನೇರ ಗೆರೆಯಾಗಿ ಕಾಣುತ್ತದೆ. ಮೆಕ್ಕೆಜೋಳದ ಹೊಲದ ಸಾಲಿನ ಹಾಗೆ ಕಂಡದ್ದರಿಂದ ಆ ಹೆಸರು. ಕೆರಿಬಿಯನ್ ದ್ವೀಪಗಳಲ್ಲಿ ಇದೇ ಜಡೆಗೆ 'ಕೇನ್‌ರೋ' ಅನ್ನುತ್ತಾರೆ. ಅಲ್ಲಿ ಕಣ್ಣೆದುರಿಗಿದ್ದದ್ದು ಕಬ್ಬಿನ ಸಾಲು.

ಲಾಕ್ಸ್ ಜಡೆಯೇ ಅಲ್ಲ. ಅಲ್ಲಿ ಎಳೆಗಳನ್ನು ದಾಟಿಸುವ ಕೆಲಸ ಉಳಿಯುವುದಿಲ್ಲ. ಕೂದಲು ತನ್ನೊಳಗೇ ಹೆಣೆದುಕೊಂಡು ಒಂದಾಗಿ ಗಟ್ಟಿಯಾಗುತ್ತದೆ. ಜಡೆಯನ್ನು ಬಿಚ್ಚಬಹುದು, ಲಾಕ್ಸನ್ನು ಹಾಗೆ ಸುಲಭವಾಗಿ ಬಿಚ್ಚಲಿಕ್ಕಾಗುವುದಿಲ್ಲ. ಬಹಳಷ್ಟು ಜನ ಕೊನೆಗೆ ಕತ್ತರಿಸುತ್ತಾರೆ. ಮೊದಲು 'ಡ್ರೆಡ್‌ಲಾಕ್ಸ್' ಎನ್ನುತ್ತಿದ್ದರು. 'ಡ್ರೆಡ್' ಅಂದರೆ ಭಯ, ಆ ಮಾತು ತಮ್ಮ ತಲೆಗೂದಲಿಗೆ ಯಾಕೆ ಅಂತ ಹಲವರು ಅದನ್ನು ಕೈಬಿಟ್ಟು ಬರೀ 'ಲಾಕ್ಸ್' ಅನ್ನುತ್ತಾರೆ. ಕನ್ನಡದ 'ಜಟೆ' ನಿಜವಾಗಿ ಹೊಂದುವುದು ಈ ಪಕ್ಕದ ಮನೆಯವನ ತಲೆಗೆ. ಅವನು ಜಮೈಕಾದಲ್ಲಿ ಹುಟ್ಟಿದ ರಾಸ್ತಫಾರಿ ಮತದವನಾಗಿದ್ದರಂತೂ ಚೆನ್ನಾಗಿ ಹೊಂದುತ್ತದೆ. ಅವರಿಗೆ ಆ ಕೂದಲು ವ್ರತದ ಹಾಗೆ. ನಮ್ಮ 'ಜಟೆ'ಯಲ್ಲೂ ಆ ಗೌರವ ಇದೆ, ಅಲ್ವಾ?

ಈಗ ಕನ್ನಡದ ತೊಡಕಿಗೆ ಬರೋಣ. 'ಜಡೆ' ಮತ್ತು 'ಜಟೆ' ಎರಡೂ ಒಂದೇ ಬೇರಿನವು. ಸಂಸ್ಕೃತದ 'ಜಟಾ' ಕನ್ನಡದಲ್ಲಿ 'ಜಡೆ' ಆಯಿತು. ಹಳೆಯ ಕನ್ನಡದಲ್ಲಿ ತಪಸ್ವಿಯ ಕೂದಲಿಗೂ 'ಜಡೆ' ಅಂದಿದ್ದಾರೆ. ಆದರೆ ಇವತ್ತಿನ ಮಾತಿನಲ್ಲಿ ಎರಡೂ ದೂರ ಸರಿದಿವೆ. ಬಾಚಿ, ಎಣ್ಣೆ ಹಚ್ಚಿ, ಎಳೆ ಮಾಡಿ ಹೆಣೆದದ್ದು ಜಡೆ. ಬಾಚದೆ ಬಿಟ್ಟು ಗಂಟುಗಟ್ಟಿದ್ದು ಜಟೆ. 'ತಲೆ ಜಟೆಗಟ್ಟಿದೆ' ಅಂದರೆ ಯಾರೂ ಅದನ್ನು ಹೊಗಳಿಕೆ ಅಂದುಕೊಳ್ಳುವುದಿಲ್ಲ. ಇಡೀ ದಿನ ಕೂತು, ಒಂದೊಂದೇ ಬೈತಲೆ ತೆಗೆಸಿ ಹಾಕಿಸಿಕೊಂಡ ಕೂದಲಿಗೆ ನೀವು ಆ ಹೆಸರು ಕೊಟ್ಟರೆ, ಅಷ್ಟು ಅಚ್ಚುಕಟ್ಟಾದ ಕೆಲಸವನ್ನು ಅಚ್ಚುಕಟ್ಟಿಲ್ಲದ್ದು ಎಂದ ಹಾಗಾಗುತ್ತದೆ.

ಇದು ಸಣ್ಣ ವಿಷಯ ಅನ್ನಿಸಬಹುದು. ಆದರೆ ಆ ಜನರಿಗೆ ಇದೇ ಬಗೆಯ ಮಾತಿನಿಂದ ಬಹಳ ನೋವಾಗಿದೆ, ಕೆಲಸವೂ ಹೋಗಿದೆ. 2014ರಲ್ಲಿ ಅಮೆರಿಕದ ಸೇನೆ ತಲೆಗೂದಲಿನ ಹೊಸ ನಿಯಮ ತಂದಾಗ ಅದರಲ್ಲಿ ಇದ್ದ ಮಾತುಗಳು 'ಗಂಟುಗಟ್ಟಿದ', 'ಅಸ್ತವ್ಯಸ್ತ' ಅನ್ನುವ ಅರ್ಥದವು. ಕಪ್ಪು ಹೆಣ್ಣುಮಕ್ಕಳು ಸೇನೆಯಲ್ಲಿ ಹಾಕಿಕೊಳ್ಳುವ ಕೇಶವಿನ್ಯಾಸಗಳಿಗೇ ಆ ಮಾತು ತಗುಲುತ್ತಿತ್ತು. ಸಂಸತ್ತಿನ ಕಪ್ಪು ಮಹಿಳಾ ಸದಸ್ಯರು ಪತ್ರ ಬರೆದರು. ರಕ್ಷಣಾ ಕಾರ್ಯದರ್ಶಿ ಚಕ್ ಹೇಗಲ್ ಪರಿಶೀಲನೆಗೆ ಹೇಳಿದರು. ಅದೇ ವರ್ಷ ಆ ಪದಗಳನ್ನು ತೆಗೆಯಲು ಒಪ್ಪಿದರು, ಜಡೆಗಳ ಮೇಲಿನ ಕಟ್ಟುಪಾಡು ಸಡಿಲವಾಯಿತು. 2017ರಲ್ಲಿ ಲಾಕ್ಸ್‌ಗೂ ಅನುಮತಿ ಸಿಕ್ಕಿತು.

ಅದಕ್ಕೂ ಹಿಂದಿನ ಒಂದು ಪ್ರಕರಣ ನನಗೆ ಯಾವಾಗಲೂ ಕಾಡುತ್ತದೆ. ಅಮೆರಿಕನ್ ಏರ್‌ಲೈನ್ಸ್‌ನ ಉದ್ಯೋಗಿ ರೆನೀ ರಾಜರ್ಸ್ ಕಾರ್ನ್‌ರೋ ಹಾಕಿಕೊಂಡು ಕೆಲಸಕ್ಕೆ ಬಂದರು. ತಲೆತುಂಬ ಜಡೆ ಹಾಕಬಾರದು ಎಂಬ ನಿಯಮ ಕಂಪನಿಯಲ್ಲಿತ್ತು. ಅವರು ಕೋರ್ಟಿಗೆ ಹೋದರು. 1981ರಲ್ಲಿ ನ್ಯೂಯಾರ್ಕಿನ ಫೆಡರಲ್ ಕೋರ್ಟು ಆ ವಿಷಯದಲ್ಲಿ ಕಂಪನಿಯ ಪರ ನಿಂತಿತು. ಗುಂಗುರು ಕೂದಲು ಹುಟ್ಟಿನಿಂದ ಬಂದದ್ದು, ಜಡೆ ಕೈಯಿಂದ ಮಾಡಿಕೊಂಡದ್ದು, ಬೇಕೆಂದರೆ ಬದಲಿಸಬಹುದು ಅನ್ನುವುದು ಅದರ ವಾದ. ಅಷ್ಟಕ್ಕೇ ನಿಲ್ಲಲಿಲ್ಲ. 1979ರ ಒಂದು ಸಿನಿಮಾದಲ್ಲಿ ಬಿಳಿಯ ನಟಿ ಬೋ ಡೆರೆಕ್ ಮಣಿ ಪೋಣಿಸಿದ ಕಾರ್ನ್‌ರೋ ಹಾಕಿಕೊಂಡಿದ್ದರು. ಅದು ಜನಪ್ರಿಯವಾದ ಮೇಲೆಯೇ ರಾಜರ್ಸ್ ಈ ಜಡೆ ಹಾಕಿಕೊಂಡು ಬಂದರು ಎಂದು ಕಂಪನಿ ಹೇಳಿದ್ದನ್ನೂ ತೀರ್ಪಿನಲ್ಲಿ ಬರೆದರು. ಆಫ್ರಿಕಾದಲ್ಲಿ ತಲೆಮಾರುಗಳಿಂದ ಕೈಯಿಂದ ಕೈಗೆ ಬಂದ ಕೆಲಸವನ್ನು ಒಂದು ಸಿನಿಮಾದ ಫ್ಯಾಷನ್ ಲೆಕ್ಕಕ್ಕೆ ತಂದು ಕೂರಿಸಿದ್ದು ಅದು.

ಬ್ರಿಟನ್ನಿನಲ್ಲಿ 2011ರಲ್ಲಿ ಗಾಳಿ ಬೇರೆ ಕಡೆ ಬೀಸಿತು. ಕಾರ್ನ್‌ರೋ ಇದೆ ಅನ್ನುವ ಕಾರಣಕ್ಕೆ ಒಬ್ಬ ಹುಡುಗನನ್ನು ಲಂಡನ್ನಿನ ಶಾಲೆಯೊಂದು ಸೇರಿಸಿಕೊಂಡಿರಲಿಲ್ಲ. ಅದು ಪರೋಕ್ಷ ಜನಾಂಗ ತಾರತಮ್ಯ ಎಂದು ಹೈಕೋರ್ಟು ಹೇಳಿತು. 2019ರಲ್ಲಿ ಕ್ಯಾಲಿಫೋರ್ನಿಯಾ 'ಕ್ರೌನ್ ಆಕ್ಟ್' ಎಂಬ ಕಾಯ್ದೆ ತಂದಿತು. ಅಮೆರಿಕದ ರಾಜ್ಯಗಳಲ್ಲಿ ಅದೇ ಮೊದಲು. ಕೂದಲಿನ ಕಾರಣಕ್ಕೆ ಶಾಲೆಯಲ್ಲಾಗಲಿ ಕೆಲಸದಲ್ಲಾಗಲಿ ಭೇದ ಮಾಡಬಾರದು ಅನ್ನುವ ಆ ಕಾಯ್ದೆಯಲ್ಲಿ ಬ್ರೇಡ್ಸ್, ಲಾಕ್ಸ್, ಟ್ವಿಸ್ಟ್ಸ್ ಎಂದು ಮೂರನ್ನೂ ಬೇರೆ ಬೇರೆಯಾಗಿ ಹೆಸರಿಸಿದ್ದಾರೆ. ಕಾನೂನೇ ಬಿಡಿಸಿ ಹೇಳಿರುವುದನ್ನು ನಾವು ಅನುವಾದದಲ್ಲಿ ಒಂದೇ ಮಾತಿಗೆ ಮುದ್ದೆ ಮಾಡಬಾರದು.

ಟ್ವಿಸ್ಟ್ ಎಂದರೆ ಎರಡೇ ಎಳೆಯನ್ನು ಹುರಿ ಹಾಕಿದ್ದು. ಸೆನೆಗಲೀಸ್ ಟ್ವಿಸ್ಟ್ ಅನ್ನುವ ಮಾತು ಕಥೆಯಲ್ಲಿ ಬಂದರೆ ಅದಕ್ಕೆ ಜಡೆ ಅನ್ನಬೇಡಿ, 'ಹುರಿ' ಅನ್ನಿ. ಬಾಕ್ಸ್ ಬ್ರೇಡ್ಸ್ ಅನ್ನುವುದೂ ಬಿಡಿಬಿಡಿ ಜಡೆಯೇ, ಆದರೆ ಮೈಕ್ರೋಗಿಂತ ದಪ್ಪ. ಬೈತಲೆಯನ್ನು ಚೌಕಚೌಕವಾಗಿ ತೆಗೆಯುವುದರಿಂದ ಆ ಹೆಸರು. 1993ರಲ್ಲಿ ಗಾಯಕಿ ಜಾನೆಟ್ ಜಾಕ್ಸನ್ ಒಂದು ಸಿನಿಮಾದಲ್ಲಿ ಹಾಕಿಕೊಂಡ ಮೇಲೆ ಅದು ಎಲ್ಲ ಕಡೆ ಹರಡಿತು. ಮಣಿ ಪೋಣಿಸಿದ ಜಡೆ ಅಂದರೆ ಟೆನಿಸ್ ನೋಡುವವರಿಗೆ ವಿಲಿಯಮ್ಸ್ ಸೋದರಿಯರು ನೆನಪಾಗುತ್ತಾರೆ. 1999ರ ಆಸ್ಟ್ರೇಲಿಯನ್ ಓಪನ್‌ನಲ್ಲಿ ವೀನಸ್ ಅವರ ಜಡೆಯ ಮಣಿ ಅಂಗಳಕ್ಕೆ ಬಿದ್ದದ್ದಕ್ಕೆ ಅಂಪೈರ್ ಒಂದು ಪಾಯಿಂಟ್ ಕಿತ್ತುಕೊಂಡಿದ್ದರು.

ಬೇರೆ ಭಾಷೆಯವರು ಏನು ಮಾಡಿದ್ದಾರೆ ಅಂತ ನೋಡಿದರೆ ನಮಗೆ ದಾರಿ ಕಾಣುತ್ತದೆ. ಇಟಾಲಿಯನ್‌ನಲ್ಲಿ 'ತ್ರೆಚ್ಚೀನೆ', ಸ್ಪ್ಯಾನಿಷ್‌ನಲ್ಲಿ 'ತ್ರೆನ್ಸೀತಾಸ್'. ಎರಡೂ ಜಡೆ ಅನ್ನುವ ಮಾತಿಗೇ 'ಪುಟ್ಟ' ಎಂಬ ಅರ್ಥದ ಬಾಲ ಸೇರಿಸಿ, ಬಹುವಚನ ಮಾಡಿದವು. ಫ್ರೆಂಚರು ಕಾರ್ನ್‌ರೋಗೆ 'ಅಂಟಿಸಿದ ಜಡೆ' ಅನ್ನುವ ಅರ್ಥದ ಮಾತು ಬಳಸುತ್ತಾರೆ. ಹೊಲವೂ ಇಲ್ಲ ಬೆಳೆಯೂ ಇಲ್ಲ, ಕಣ್ಣಿಗೆ ಕಂಡದ್ದನ್ನೇ ಹೇಳಿದ್ದಾರೆ. ಬ್ರೆಜಿಲ್‌ನಲ್ಲಿ 'ನಾಗೋ ಜಡೆ'. ನಾಗೋ ಅನ್ನುವುದು ಅಲ್ಲಿ ಪಶ್ಚಿಮ ಆಫ್ರಿಕಾದ ಯೊರುಬಾ ಜನರಿಗಿರುವ ಹೆಸರು, ಹಾಗಾಗಿ ಜಡೆ ಎಲ್ಲಿಂದ ಬಂತು ಅನ್ನುವುದು ಮಾತಿನಲ್ಲೇ ಉಳಿದಿದೆ. ಜರ್ಮನ್ನರು ಮಾತ್ರ ಬಿಡಿ ಜಡೆಗಳಿಗೂ 'ರಾಸ್ತಾ ಜಡೆ' ಎಂದು ರೂಢಿ ಮಾಡಿಕೊಂಡರು. ನೀವು ಮೂರಕ್ಕೂ ಜಟೆ ಅಂದಾಗ ಆಗಿದ್ದೂ ಅದೇ ಕಲಬೆರಕೆ.

ಕನ್ನಡದಲ್ಲಿ ಇಟಾಲಿಯನ್ ಹಾಗೆ ಬಾಲ ಸೇರಿಸಿ ಚಿಕ್ಕದು ಮಾಡುವ ದಾರಿ ಇಲ್ಲ. ಆದರೆ ನಮ್ಮಲ್ಲಿ ಮಾತನ್ನು ಎರಡು ಸಲ ಹೇಳುವ ಸೊಗಸು ಇದೆ. 'ಸಣ್ಣ ಸಣ್ಣ ಜಡೆ' ಅಂದರೆ ಸಾಕು, ಚಿಕ್ಕದು ಅನ್ನುವುದೂ ಬಂತು, ಬಹಳ ಇವೆ ಅನ್ನುವುದೂ ಬಂತು. ಬರೀ 'ಸಣ್ಣ ಜಡೆ' ಅಂದರೆ ಒಂದೇ ಮೋಟು ಜಡೆ ಅಂದುಕೊಳ್ಳುತ್ತಾರೆ. 'ಸೂಕ್ಷ್ಮ ಜಡೆ' ಬೇಡವೇ ಬೇಡ. ಅದು ಮೈಕ್ರೋ ಎಂಬುದರ ನಕಲು, ಯಾರ ಬಾಯಲ್ಲೂ ಬರುವುದಿಲ್ಲ. ಪದೇಪದೇ ಹೇಳಬೇಕಾದಾಗ ಒಂದೇ ಮಾತು ಬೇಕು ಅನ್ನಿಸಿದರೆ 'ಕಿರುಜಡೆ' ಮಾಡಿಕೊಳ್ಳಿ. ಕಿರುನಗೆ, ಕಿರುಬೆರಳು ಇರುವ ಭಾಷೆಯಲ್ಲಿ ಕಿರುಜಡೆ ಯಾರಿಗೂ ತೊಡರುವುದಿಲ್ಲ. ನಿಮ್ಮ ಕಡೆ 'ಹೆರಳು' ಬಳಕೆಯಲ್ಲಿದ್ದರೆ ಅಜ್ಜಿಯ ಬಾಯಲ್ಲಿ ಅದನ್ನೇ ಇಡಿ.

ಕಾರ್ನ್‌ರೋಗೆ ನನ್ನ ಸಲಹೆ 'ಸಾಲುಜಡೆ'. 'ಜೋಳದ ಸಾಲು' ಎಂದು ಪದಕ್ಕೆ ಪದ ಇಟ್ಟರೆ ಹುಡುಗನ ತಲೆಯ ಮೇಲೆ ಬೆಳೆ ಬಂದ ಹಾಗಿರುತ್ತದೆ. ಸಾಲು ಅನ್ನುವುದೊಂದನ್ನು ಉಳಿಸಿಕೊಂಡರೆ ಜೋಳವೂ ಕಬ್ಬೂ ಎರಡೂ ಒಳಗೆ ಬರುತ್ತವೆ.

'ಆಫ್ರಿಕನ್ ಜಡೆ' ಎಂಬ ಮಾತನ್ನೂ ಕೆಲವರು ಬಳಸುತ್ತಾರೆ. ನಿಮ್ಮ ಕಥೆಗೆ ಅದು ಸಲ್ಲದು. ಆ ಮನೆಯವರು ತಮ್ಮ ಕೂದಲಿಗೆ ತಾವೇ ಹಾಗೆ ಅನ್ನುವುದಿಲ್ಲ. ಅಲ್ಲದೆ ಆಫ್ರಿಕಾ ಒಂದೇ ಊರಲ್ಲ. ಯೊರುಬಾ ಹೆಂಗಸರು ಕೂದಲನ್ನು ಸಾಲಾಗಿ ಹೆಣೆದು ನೆತ್ತಿಯ ಮೇಲೆ ಒಟ್ಟು ಮಾಡುವ ಬಗೆಗೆ 'ಶುಕು' ಅನ್ನುತ್ತಾರೆ. ಶುಕು ಅಂದರೆ ಬುಟ್ಟಿ. ಇಥಿಯೋಪಿಯಾದಲ್ಲಿ ತಲೆಗಂಟಿದ ಸಣ್ಣ ಜಡೆಗಳಿಗೆ 'ಶುರುಬಾ' ಎಂದು ಹೆಸರು. ಅಲ್ಲಿನ ದೊರೆ ಎರಡನೆಯ ತೆವೊದ್ರೋಸ್‌ನನ್ನು ಚಿತ್ರಗಳಲ್ಲಿ ತೋರಿಸುವುದೇ ಆ ಜಡೆಗಳೊಂದಿಗೆ. ಇನ್ನು ಆಫ್ರಿಕಾದ ಆಚೆಗೆ ಹೋದರೆ, ಉಜ್ಬೆಕ್ ಹುಡುಗಿಯರ ಸಣ್ಣ ಜಡೆಗಳಿಗೆ 'ಕಿರ್ಕ್ ಕೋಕಿಲ್', ಅಂದರೆ ನಲವತ್ತು ಜಡೆ, ಎಂಬ ಹೆಸರಿದೆ. ಟಿಬೆಟ್‌ನ ಕೆಲವು ಭಾಗದ ಹೆಂಗಸರು 108 ಜಡೆ ಹಾಕಿಕೊಳ್ಳುತ್ತಾರೆ. ಲಂಡನ್ನಿನ ಬ್ರಿಟಿಷ್ ಮ್ಯೂಸಿಯಂನಲ್ಲಿ ಪ್ರಾಚೀನ ಈಜಿಪ್ಟಿನ ಒಂದು ವಿಗ್ ಇದೆ, ಮನುಷ್ಯರ ಕೂದಲಿನದು. ಮೇಲ್ಭಾಗ ಗುಂಗುರು, ಕೆಳಭಾಗದಲ್ಲಿ ಜೇನುಮೇಣ ಮತ್ತು ರಾಳ ಹಚ್ಚಿದ ತೆಳ್ಳನೆಯ ನೂರಾರು ಜಡೆ. ಮೂರು ಸಾವಿರ ವರ್ಷಗಳ ಮೇಲೂ ಹೆಣಿಗೆ ಹಾಗೇ ನಿಂತಿದೆ.

ಅಜ್ಜಿಯ ಬೈಗುಳಕ್ಕೆ ಬರುತ್ತೇನೆ. 'ಎಡ್ಜಸ್' ಅಂದರೆ ಹಣೆಯ ಅಂಚಿನಲ್ಲಿ, ಕಿವಿಯ ಮುಂದೆ ಇರುವ ನವಿರಾದ ಕೂದಲು. ಸಣ್ಣ ಜಡೆಯ ಕಷ್ಟ ಇರುವುದೇ ಅಲ್ಲಿ. ನಾಲ್ಕಾರು ಕೂದಲಿನ ಬುಡಕ್ಕೆ ಚೌರಿಯ ಭಾರ ಬೀಳುತ್ತದೆ, ಅದೂ ವಾರಗಟ್ಟಲೆ. ಬಿಗಿಯೂ ಜಾಸ್ತಿಯಾದರೆ ಬುಡ ಸೋಲುತ್ತದೆ. ಮೊದಲು ತಲೆನೋವು, ಬುಡದಲ್ಲಿ ಸಣ್ಣ ಗುಳ್ಳೆ, ಆಮೇಲೆ ಅಂಚು ತೆಳುವಾಗುವುದು. ವೈದ್ಯರು ಇದಕ್ಕೆ 'ಟ್ರಾಕ್ಷನ್ ಅಲೋಪೀಸಿಯಾ' ಅನ್ನುತ್ತಾರೆ, ಎಳೆತದಿಂದ ಕೂದಲು ಹೋಗುವುದು. ಇದನ್ನು ಮೊದಲು ವೈದ್ಯರು ಬರೆದಿಟ್ಟದ್ದು 1907ರಲ್ಲಿ, ಗ್ರೀನ್‌ಲ್ಯಾಂಡಿನ ಹೆಂಗಸರಲ್ಲಿ. ಅವರು ಕೂದಲನ್ನು ಬಿಗಿಯಾಗಿ ಎಳೆದು ಮೇಲೆ ಕಟ್ಟುತ್ತಿದ್ದರು. ಹಾಗಾಗಿ ಇದು ಒಂದು ಜನಾಂಗದ ಕಾಯಿಲೆ ಅಲ್ಲ, ಎಳೆತದ ಕಾಯಿಲೆ. ಬೇಗ ಗೊತ್ತಾಗಿ ಜಡೆ ಸಡಿಲ ಮಾಡಿದರೆ ಕೂದಲು ಮತ್ತೆ ಬರುತ್ತದೆ. ವರ್ಷಗಟ್ಟಲೆ ಎಳೆದರೆ ಬುಡವೇ ಮುಚ್ಚಿಹೋಗುತ್ತದೆ, ಆಮೇಲೆ ಬರುವುದಿಲ್ಲ.

ಅಜ್ಜಿಯ ಮಾತಿಗೆ ಕನ್ನಡದಲ್ಲಿ ಒಳ್ಳೆಯ ಪದ ಇದೆ: ಮುಂದಲೆ. 'ಮುಂದಲೆ ಬೋಳಾಗುತ್ತೆ ನೋಡು' ಎಂದು ಬರೆದರೆ ಅಜ್ಜಿಯ ದನಿ ಹಾಗೇ ಬರುತ್ತದೆ. 'ಅಂಚು ಕಳೆದುಕೊಳ್ಳುತ್ತೀಯ' ಎಂದರೆ ಸೀರೆಯ ಮಾತೋ ಕೂದಲಿನ ಮಾತೋ ತಿಳಿಯುವುದಿಲ್ಲ.

ಕ್ರಿಯಾಪದದ ಕಡೆಗೂ ಗಮನ ಇರಲಿ. 'ಜಡೆ ಹಾಕಿಕೊಂಡಳು' ಬೇರೆ, 'ಹಾಕಿಸಿಕೊಂಡಳು' ಬೇರೆ. ಮೈಕ್ರೋ ಬ್ರೇಡ್ಸನ್ನು ಯಾರೂ ಕನ್ನಡಿ ಮುಂದೆ ನಿಂತು ಐದು ನಿಮಿಷದಲ್ಲಿ ಹಾಕಿಕೊಳ್ಳುವುದಿಲ್ಲ. ಇನ್ನೊಬ್ಬರ ಕೈ ಬೇಕು, ತಾಳ್ಮೆ ಬೇಕು, ದುಡ್ಡೂ ಬೇಕು. ಆ 'ಇಸು' ಸೇರಿಸಿದ ಕೂಡಲೇ ಅದೆಲ್ಲ ಬರುತ್ತದೆ. ಹೆಣೆಯುವವಳನ್ನು 'ಬ್ಯೂಟಿ ಪಾರ್ಲರ್‌ನವಳು' ಅನ್ನಬೇಡಿ. ಬ್ರೇಡರ್ ಅನ್ನುವುದು ಅಲ್ಲಿ ಬೇರೆಯೇ ಕಸುಬು. ನ್ಯೂಯಾರ್ಕಿನ ಹಾರ್ಲೆಮ್‌ನಂಥ ಕಡೆ ಪಶ್ಚಿಮ ಆಫ್ರಿಕಾದಿಂದ ಬಂದ ಹೆಂಗಸರು ಈ ಕೆಲಸ ಮಾಡುತ್ತಾರೆ. ಬರೀ ಜಡೆ ಹೆಣೆಯುವವರೂ 1600 ಗಂಟೆಗಳ ಕಾಸ್ಮೆಟಾಲಜಿ, ಅಂದರೆ ಸೌಂದರ್ಯವರ್ಧನೆಯ, ತರಬೇತಿ ಪಡೆಯಬೇಕು ಎಂಬ ಕ್ಯಾಲಿಫೋರ್ನಿಯಾದ ನಿಯಮಕ್ಕೆ ಅರ್ಥವಿಲ್ಲ ಎಂದು 1999ರಲ್ಲಿ ಅಲ್ಲಿನ ಫೆಡರಲ್ ಕೋರ್ಟೇ ಹೇಳಿತ್ತು. 'ಜಡೆ ಹೆಣೆಯುವವಳು' ಎಂದು ನೇರವಾಗಿ ಬರೆಯಿರಿ.

ಇನ್ನು ಬಿಚ್ಚುವ ದೃಶ್ಯ. ಕಥೆಯಲ್ಲಿ ಹುಡುಗಿ ಜಡೆ ಬಿಚ್ಚುವಾಗ ಕೂದಲಿನ ರಾಶಿ ಬೀಳುವ ಮಾತಿದ್ದರೆ, ಅದನ್ನು ರೋಗದ ಹಾಗೆ ಅನುವಾದಿಸಬೇಡಿ. ಎಲ್ಲರ ತಲೆಯಿಂದಲೂ ದಿನಕ್ಕೆ 50ರಿಂದ 100 ಕೂದಲು ಉದುರುತ್ತವೆ. ಜಡೆಯೊಳಗೆ ಇದ್ದಾಗ ಅವು ಕೆಳಗೆ ಬೀಳದೆ ಅಲ್ಲೇ ಸಿಕ್ಕಿಕೊಂಡಿರುತ್ತವೆ. ಆರು ವಾರಕ್ಕೆ ಲೆಕ್ಕ ಹಾಕಿದರೆ ಎರಡರಿಂದ ನಾಲ್ಕು ಸಾವಿರ ಕೂದಲು. ಬಿಚ್ಚಿದ ದಿನ ಅಷ್ಟೂ ಒಟ್ಟಿಗೆ ಕೈಗೆ ಬರುತ್ತದೆ. ನೋಡಿದರೆ ಎದೆ ಧಸಕ್ಕನ್ನುತ್ತದೆ ನಿಜ, ಆದರೆ ಅಲ್ಲಿ 'ಉದುರಿತು' ಅನ್ನುವುದಕ್ಕಿಂತ 'ಬಿಚ್ಚಿ ಬಂತು' ಎಂಬುದು ಸರಿಯಾದ ಮಾತು.

ಮೊದಲ ಸಲ ಬರುವಾಗ ಅಡಿಟಿಪ್ಪಣಿ ಬೇಡ, ವಾಕ್ಯದಲ್ಲೇ ಬಿಡಿಸಿ. ಹೀಗೆ: 'ಕಾಲೇಜು ಶುರುವಾಗುವ ಹಿಂದಿನ ಶನಿವಾರ ಅವಳು ತಲೆತುಂಬ ಸಣ್ಣ ಸಣ್ಣ ಜಡೆ ಹಾಕಿಸಿಕೊಂಡಳು. ಬೆಳಿಗ್ಗೆ ಕೂತವಳು ಏಳುವಷ್ಟರಲ್ಲಿ ಕತ್ತಲಾಗಿತ್ತು.' ಆಮೇಲೆ ಕಿರುಜಡೆ ಎಂದರೆ ಓದುಗರು ತಾವೇ ಹಿಡಿಯುತ್ತಾರೆ. ಹುಡುಗಿಯರು ತಮ್ಮತಮ್ಮಲ್ಲಿ ಮಾತಾಡುವಲ್ಲಿ ಮಾತ್ರ 'ಬ್ರೇಡ್ಸ್' ಅಂತಲೇ ಇಡಿ. ತಮ್ಮನಿಗೆ ಸಾಲುಜಡೆ, ಪಕ್ಕದ ಮನೆಯವನಿಗೆ ನಿರೂಪಣೆಯಲ್ಲಿ ಜಟೆ, ಅವನ ಸ್ವಂತ ಬಾಯಲ್ಲಿ ಲಾಕ್ಸ್.

ಇನ್ನೊಂದನ್ನು ಮೂಲದಲ್ಲಿ ಹುಡುಕಿ ನೋಡಿ. ಅಜ್ಜಿ ಎಲ್ಲಾದರೂ ಮೊಮ್ಮಗನ ತಲೆಗೆ 'ಕೇನ್‌ರೋ' ಅಂದಿದ್ದಾಳಾ? ಅಂದಿದ್ದರೆ ಅವಳು ಜಮೈಕಾ, ಬಾರ್ಬಡೋಸ್ ಕಡೆಯವಳಿರಬಹುದು. ಅವಳ ಮಾತನ್ನು ಮನೆಯ ಉಳಿದವರ ಮಾತಿಗಿಂತ ತುಸು ಬೇರೆಯಾಗಿ ಕೇಳಿಸುವ ಕೆಲಸ ನಿಮಗೆ ಬಾಕಿ ಇದೆ.